ಇಸ್ಮಾಈಲ್: ತಾಯಿಯ ಮೊರೆಗೆ ಸಿಕ್ಕ ಹೆಸರು

ಮನೆಯಲ್ಲಿ ಗಂಡು ಮಗು ಹುಟ್ಟಿತೆಂದರೆ ಬಾಣಂತಿಯ ಆರೈಕೆಗಿಂತ ಮೊದಲು ಹೆಸರಿನ ಚರ್ಚೆ ಶುರುವಾಗುತ್ತದೆ. ಅಜ್ಜಿಗೆ ಒಂದು ಹೆಸರು ಇಷ್ಟ, ನಾದಿನಿಗೆ ಇನ್ನೊಂದು. ಗಲ್ಫ್‌ನಲ್ಲಿರುವ ಚಿಕ್ಕಪ್ಪ ಫೋನಿನಲ್ಲಿ ಮೂರನೆಯದನ್ನು ಸೂಚಿಸುತ್ತಾರೆ. ಹಿಂದೆ ಪುಸ್ತಕದಂಗಡಿಯಿಂದ ಹೆಸರುಗಳ ಕಿರುಪುಸ್ತಕ ತರಿಸುತ್ತಿದ್ದರು, ಈಗ ಮೊಬೈಲಿನಲ್ಲೇ ಹುಡುಕುತ್ತಾರೆ. ಎಲ್ಲರ ಬೇಡಿಕೆಯೂ ಒಂದೇ: ಊರಿನಲ್ಲಿ ಯಾರೂ ಇಟ್ಟಿರಬಾರದು, ಕೇಳಲು ಹೊಸದಾಗಿರಬೇಕು! ಈ ಹುಡುಕಾಟದಲ್ಲಿ ಇಸ್ಮಾಈಲ್, ಇಬ್ರಾಹೀಮ್, ಯೂಸುಫ್, ಮೂಸಾ ಮುಂತಾದ ಹೆಸರುಗಳು "ಅವೆಲ್ಲ ಅಜ್ಜಂದಿರ ಕಾಲದ್ದು" ಎಂಬ ಒಂದೇ ಮಾತಿಗೆ ಬದಿಗೆ ಸರಿಯುತ್ತವೆ.

ಪ್ರಿಯ ಸಹೋದರಿಯರೇ, ಹೀಗೆ ಬದಿಗೆ ಸರಿದ ಒಂದು ಹೆಸರಿನ ಬಗ್ಗೆ ಇಂದು ನಿಮ್ಮೊಂದಿಗೆ ಮಾತಾಡಬೇಕೆಂದಿದ್ದೇನೆ. ಇಪ್ಪತ್ತು ವರ್ಷಗಳಿಂದ ಮದ್ರಸದಲ್ಲಿ ಮಕ್ಕಳಿಗೆ ಕಲಿಸುತ್ತಿದ್ದೇನೆ. ಪ್ರತಿ ವರ್ಷದ ಹಾಜರಿ ಪುಸ್ತಕದಲ್ಲೂ ಒಬ್ಬನಾದರೂ ಇಸ್ಮಾಈಲ್ ಇದ್ದೇ ಇರುತ್ತಾನೆ. ಶಾಲೆಯ ದಾಖಲೆಯಲ್ಲಿ ಅವನು 'ಇಸ್ಮಾಯಿಲ್', ಮನೆಯಲ್ಲಿ 'ಇಸ್ಮು'. ಶಾಲೆಯ ಪಾಠದಲ್ಲೂ ಈ ಹೆಸರು ಬರುತ್ತದೆ. 1926ರಿಂದ 1941ರ ವರೆಗೆ ಮೈಸೂರು ಸಂಸ್ಥಾನದ ದಿವಾನರಾಗಿದ್ದ ಸರ್ ಮಿರ್ಜಾ ಇಸ್ಮಾಯಿಲ್ ಅವರ ಹೆಸರನ್ನು ಕೇಳದ ಕನ್ನಡಿಗರು ಕಡಿಮೆ. ಇಷ್ಟು ಪರಿಚಿತವಾದ ಈ ಹೆಸರಿನ ಅರ್ಥವೇನೆಂದು ಕೇಳಿದರೆ ಮಾತ್ರ ಹೆಚ್ಚಿನವರು ತಡವರಿಸುತ್ತಾರೆ.

ಈ ಅರ್ಥ ಒಬ್ಬ ತಾಯಿಗೆ ಎಷ್ಟು ಮುಖ್ಯವಾಗಬಹುದು ಎಂಬುದು ನನ್ನ ಅರಿವಿಗೆ ಬಂದದ್ದು ಮಹಿಳೆಯರಿಗಾಗಿ ನಾನು ನಡೆಸುವ ಕುರ್‌ಆನ್ ತರಗತಿಯಲ್ಲಿ. ಒಂದು ದಿನ ತರಗತಿ ಮುಗಿದ ಮೇಲೆ ಎಲ್ಲರೂ ಹೊರಟರೂ ಒಬ್ಬ ಯುವತಿ ಕುಳಿತೇ ಇದ್ದಳು. ಮಡಿಲಲ್ಲಿ ಎರಡು ವರ್ಷದ ಮಗು.

"ಟೀಚರೇ, ಮಗುವಿನ ಹೆಸರು ಬದಲಾಯಿಸಬಹುದಾ?" ಎಂದು ಕೇಳಿದಳು.

"ಏನು ಹೆಸರಮ್ಮಾ?"

"ಇಸ್ಮಾಈಲ್."

"ಇಷ್ಟು ಒಳ್ಳೆಯ ಹೆಸರನ್ನು ಯಾಕೆ ಬದಲಾಯಿಸಬೇಕು?"

ಅವಳು ಸ್ವಲ್ಪ ಹೊತ್ತು ಮಾತಾಡಲಿಲ್ಲ. ಆಮೇಲೆ ಒಂದೊಂದಾಗಿ ಹೇಳಿದಳು. ಮಗುವಿಗೆ ಎರಡೂ ಕಿವಿ ಕೇಳಿಸುವುದಿಲ್ಲ ಎಂದು ವೈದ್ಯರು ಹೇಳಿದ್ದಾರೆ. ಸಂಬಂಧಿಕರೊಬ್ಬರು ಯಾವುದೋ ಪುಸ್ತಕ ನೋಡಿ, ಇಸ್ಮಾಈಲ್ ಎಂದರೆ 'ಕೇಳುವವನು' ಎಂದರ್ಥ, ಕಿವುಡು ಮಗುವಿಗೆ ಕೇಳುವವನೆಂದು ಹೆಸರಿಟ್ಟರೆ ಜನ ನಗುವುದಿಲ್ಲವೇ ಎಂದಿದ್ದಾರೆ. ಇನ್ನೊಬ್ಬರು ಪ್ರವಾದಿಯ ಹೆಸರು ಭಾರವಾಗಿದೆ, ಮಗುವಿಗೆ ಒಗ್ಗಲಿಲ್ಲ, ಬದಲಾಯಿಸಿದರೆ ಸರಿಹೋಗಬಹುದು ಎಂದಿದ್ದಾರೆ. ಇಷ್ಟೂ ಸಾಲದೆಂಬಂತೆ ಮತ್ತೊಬ್ಬರು ಅದು ಅರಬಿ ಹೆಸರೇ ಅಲ್ಲ, ಯಹೂದಿಗಳ ಭಾಷೆಯದ್ದು ಎಂದು ಸೇರಿಸಿದ್ದಾರೆ. ಎಲ್ಲವನ್ನೂ ಹೇಳಿ ಕೊನೆಗೆ ಅವಳು ಆಡಿದ ಮಾತು ನನ್ನ ಎದೆಯಲ್ಲಿ ಹಾಗೆಯೇ ಉಳಿದಿದೆ: "ಟೀಚರೇ, ಹುಟ್ಟಿದ ದಿನ ಇವನ ಕಿವಿಯಲ್ಲಿ ಬಾಂಗ್ ಕೊಟ್ಟರಲ್ಲ, ಅದೂ ಇವನಿಗೆ ಕೇಳಿಸಿಯೇ ಇಲ್ಲ."

ಅಂದು ನಾನು ಅವಳಿಗೆ ಕೊಟ್ಟ ಉತ್ತರವನ್ನೇ ಸ್ವಲ್ಪ ವಿವರವಾಗಿ ನಿಮಗೂ ಹೇಳುತ್ತೇನೆ.

ಮೊದಲು ಭಾಷೆಯ ವಿಚಾರ. ಹೌದು, ಇಸ್ಮಾಈಲ್ ಮೂಲತಃ ಅರಬಿ ಪದವಲ್ಲ, ಅದು ಹೀಬ್ರೂ ಹೆಸರು. ಇದರಲ್ಲಿ ಗಾಬರಿಪಡುವಂಥದ್ದೇನೂ ಇಲ್ಲ. ನಮ್ಮ ಮದ್ರಸಗಳಲ್ಲಿ ಅರಬಿ ವ್ಯಾಕರಣ ಕಲಿತವರಿಗೆ ಇದು ಎಳವೆಯಿಂದಲೇ ಗೊತ್ತು. ಅರಬಿಯಲ್ಲಿ ಕೆಲವು ನಾಮಪದಗಳು ತನ್ವೀನ್ ತೆಗೆದುಕೊಳ್ಳುವುದಿಲ್ಲ, ಕೆಳಗೆ ಕಸ್ರ್ ಬರಬೇಕಾದ ಕಡೆ ಫತ್‌ಹ್ ಬರುತ್ತದೆ. ಅಂಥ ಪದಕ್ಕೆ 'ಗೈರ್ ಮುನ್ಸರಿಫ್' ಎನ್ನುತ್ತಾರೆ. ಇಸ್ಮಾಈಲ್ ಆ ಗುಂಪಿಗೆ ಸೇರಲು ಎರಡು ಕಾರಣಗಳು: ಅದು ವ್ಯಕ್ತಿಯ ಹೆಸರು, ಮತ್ತು ಅದು ಅಜಮೀ ಅಂದರೆ ಅರಬೇತರ. ಅಲ್ ಬಕರ ಅಧ್ಯಾಯದ 136ನೇ ಸೂಕ್ತವನ್ನು ಓದುವಾಗ ಗಮನಿಸಿ. ನಿಯಮದಂತೆ 'ಇಸ್ಮಾಈಲಿ' ಎಂದಾಗಬೇಕಿದ್ದ ಕಡೆ ನಾವು 'ಇಸ್ಮಾಈಲ' ಎಂದೇ ಓದುತ್ತೇವೆ. ಆ ಒಂದು ಸ್ವರಚಿಹ್ನೆಯಲ್ಲಿ ಹೆಸರಿನ ತವರೂರು ಇಂದಿಗೂ ಉಳಿದುಕೊಂಡಿದೆ. 12ನೇ ಶತಮಾನದ ಬಗ್ದಾದ್‌ನ ಭಾಷಾ ವಿದ್ವಾಂಸ ಅಲ್ ಜವಾಲೀಕೀ ಅರಬಿಗೆ ಹೊರಗಿನಿಂದ ಬಂದ ಪದಗಳ ಬಗ್ಗೆಯೇ ಒಂದು ಗ್ರಂಥ ಬರೆದರು. ಇಬ್ರಾಹೀಮ್, ಇಸ್ಮಾಈಲ್, ಇಸ್‌ಹಾಕ್ ಹೆಸರುಗಳನ್ನು ಅವರೂ ಅರಬೇತರವೆಂದೇ ಎಣಿಸಿದ್ದಾರೆ.

ಹೀಬ್ರೂ ಮತ್ತು ಅರಬಿ ಭಾಷೆಗಳು ಅಕ್ಕ ತಂಗಿಯರಂತೆ. ಹೀಬ್ರೂವಿನ 'ಶ' ಅನೇಕ ಕಡೆ ಅರಬಿಯಲ್ಲಿ 'ಸ' ಆಗುತ್ತದೆ. ಅವರ ಶಾಲೋಮ್ ನಮ್ಮ ಸಲಾಮ್. ಅವರ ಲಾಶೋನ್ ನಮ್ಮ ಲಿಸಾನ್, ಅಂದರೆ ನಾಲಗೆ. ಹಾಗೆಯೇ ಹೀಬ್ರೂವಿನಲ್ಲಿ 'ಶಾಮಾ' ಎಂದರೆ ಕೇಳಿದನು, ಅರಬಿಯಲ್ಲಿ ಅದು 'ಸಮಿಅ'. ಇಸ್ಮಾಈಲ್‌ನ ಹೀಬ್ರೂ ರೂಪ 'ಯಿಶ್ಮಾಏಲ್'. ಕನ್ನಡ ಬೈಬಲ್‌ನಲ್ಲಿ ಅದು 'ಇಷ್ಮಾಯೇಲ' ಎಂದಾಗಿದೆ. 'ಯಿಶ್ಮಾ' ಎಂದರೆ ಕೇಳುತ್ತಾನೆ, 'ಏಲ್' ಎಂದರೆ ದೇವನು. ಜಿಬ್ರೀಲ್, ಮೀಕಾಈಲ್ ಎಂಬ ಮಲಕ್‌ಗಳ ಹೆಸರಿನ ಕೊನೆಯಲ್ಲಿ ಇರುವುದೂ ಇದೇ ಪದ.

ಈಗ ಅರ್ಥವನ್ನು ಕೂಡಿಸಿ ನೋಡಿ. ಇಸ್ಮಾಈಲ್ ಎಂದರೆ 'ಕೇಳುವವನು' ಅಲ್ಲ, 'ದೇವನು ಕೇಳುತ್ತಾನೆ'. ಇದು ಒಂದು ಪದದಂತೆ ಕಂಡರೂ ನಿಜದಲ್ಲಿ ಇಡೀ ವಾಕ್ಯ. ಈ ವಾಕ್ಯದ ಕರ್ತೃ ಆ ಮಗು ಅಲ್ಲ, ಮಗುವನ್ನು ಸೃಷ್ಟಿಸಿದವನು. ಮಗುವಿನ ಕಿವಿಯ ಬಗ್ಗೆ ಈ ಹೆಸರು ಏನನ್ನೂ ಹೇಳುವುದಿಲ್ಲ. ಹಾಗಿರುವಾಗ ಕಿವಿ ಕೇಳಿಸದ ಮಗುವಿಗೆ ಅದು ಒಪ್ಪುವುದಿಲ್ಲ ಎಂಬ ಪ್ರಶ್ನೆಯೇ ಎಲ್ಲಿಂದ ಬಂತು?

ಹಾಗಾದರೆ ಯಾರ ಮಾತನ್ನು ದೇವನು ಕೇಳಿದನು? ಇಲ್ಲಿಯೇ ಈ ಹೆಸರಿನ ಸೊಗಸಿರುವುದು.

ಬಿ.ಎ. ಓದುವಾಗ ಕಾಲೇಜಿನ ಗ್ರಂಥಾಲಯದಲ್ಲಿ ಬೈಬಲ್‌ನ ಆದಿಕಾಂಡವನ್ನು ಕುತೂಹಲದಿಂದ ಓದಿದ್ದೆ. ಅದರಲ್ಲಿನ ಎಲ್ಲ ವಿವರಗಳನ್ನೂ ನಾವು ಒಪ್ಪುವುದಿಲ್ಲ. ಆದರೆ ಹೆಸರಿನ ಹಿನ್ನೆಲೆ ಅದರ 16ನೇ ಅಧ್ಯಾಯದಲ್ಲಿದೆ. ಗರ್ಭಿಣಿಯಾದ ಹಾಜರಾ ಮನೆಯಲ್ಲಿ ನೋವುಂಡು ಮರುಭೂಮಿಯ ದಾರಿ ಹಿಡಿದಿದ್ದಾರೆ. ಒಂದು ಚಿಲುಮೆಯ ಬಳಿ ದೇವದೂತ ಅವರನ್ನು ಕಂಡು, ಹುಟ್ಟಲಿರುವ ಗಂಡು ಮಗುವಿಗೆ ಈ ಹೆಸರಿಡು ಎನ್ನುತ್ತಾನೆ. ದೇವನು ನಿನ್ನ ಸಂಕಟವನ್ನು ಕೇಳಿದ್ದಾನೆ ಎಂಬುದೇ ಅದಕ್ಕೆ ಕೊಟ್ಟ ಕಾರಣ. ಗಮನಿಸಿ, ಹೆಸರು ಮಗುವಿನದ್ದಾದರೂ ಅದರೊಳಗಿರುವುದು ತಾಯಿಯ ಕಥೆ. ಮಗು ಬೆಳೆದು ಏನನ್ನೋ ಸಾಧಿಸಿದ್ದಕ್ಕೆ ಸಿಕ್ಕ ಬಿರುದಲ್ಲ ಅದು. ಹೆಣ್ಣೊಬ್ಬಳ ಅಳಲಿಗೆ ಸಿಕ್ಕ ಉತ್ತರ.

ಅದೇ ಗ್ರಂಥದ 21ನೇ ಅಧ್ಯಾಯದಲ್ಲಿ ತಾಯಿ ಮಗ ಮತ್ತೆ ಮರುಭೂಮಿಯಲ್ಲಿದ್ದಾರೆ, ತಂದ ನೀರು ಮುಗಿದಿದೆ. ವಿಶೇಷವೆಂದರೆ ಹೀಬ್ರೂ ಮೂಲದಲ್ಲಿ ಆ ಇಡೀ ಅಧ್ಯಾಯದಲ್ಲಿ ಮಗನ ಹೆಸರು ಒಮ್ಮೆಯೂ ಬರುವುದಿಲ್ಲ. ಆದರೆ ದೇವನು ಬಾಲಕನ ದನಿಯನ್ನು ಕೇಳಿದನು ಎಂಬ ಮಾತು ಬರುತ್ತದೆ. ಹೆಸರು ಹೇಳದೆಯೇ ಹೆಸರಿನ ಅರ್ಥವನ್ನು ಹೇಳಿದಂತಾಯಿತು!

ಇನ್ನು ನಮ್ಮ ಹದೀಸ್‌ಗೆ ಬರೋಣ. ಸಹೀಹ್ ಬುಖಾರಿಯಲ್ಲಿ ಇಬ್ನ್ ಅಬ್ಬಾಸ್(ರ) ಅವರಿಂದ ಬಂದ ಸುದೀರ್ಘ ವರದಿಯೊಂದಿದೆ. ಅದರಲ್ಲಿ ಹಾಜರಾರನ್ನು ಮತ್ತೆ ಮತ್ತೆ 'ಉಮ್ಮು ಇಸ್ಮಾಈಲ್' ಎಂದೇ ಕರೆಯಲಾಗಿದೆ. ಪ್ರವಾದಿ ಇಬ್ರಾಹೀಮ್(ಅ) ತಾಯಿ ಮಗನನ್ನು ನೀರಿಲ್ಲದ, ಜನರಿಲ್ಲದ ಮಕ್ಕಾ ಕಣಿವೆಯಲ್ಲಿ ಬಿಟ್ಟು ಹೊರಡುತ್ತಾರೆ. ಇದು ಅಲ್ಲಾಹನ ಆಜ್ಞೆಯೇ ಎಂದು ಹಾಜರಾ ಕೇಳುತ್ತಾರೆ. ಹೌದೆಂಬ ಉತ್ತರ ಸಿಕ್ಕಾಗ, ಹಾಗಾದರೆ ಅವನು ನಮ್ಮ ಕೈಬಿಡಲಾರ ಎಂದು ಹಿಂತಿರುಗುತ್ತಾರೆ. ನೀರು ಮುಗಿದು ಮಗು ಬಾಯಾರಿ ಹೊರಳಾಡತೊಡಗಿದಾಗ ಸಫಾ ಬೆಟ್ಟ ಹತ್ತಿ ನೋಡುತ್ತಾರೆ, ಕೆಳಗಿಳಿದು ಓಡಿ ಮರ್ವಾ ಹತ್ತುತ್ತಾರೆ. ಹೀಗೆ ಏಳು ಸಲ.

ಏಳನೆಯ ಸಲ ಮರ್ವಾದ ಮೇಲಿರುವಾಗ ಒಂದು ಸದ್ದು ಕೇಳಿಸುತ್ತದೆ. ಅವರು ತಮ್ಮನ್ನು ತಾವೇ 'ಶ್, ಸುಮ್ಮನಿರು' ಎಂದು ಗದರಿಕೊಂಡು ಕಿವಿಗೊಟ್ಟು ಆಲಿಸುತ್ತಾರೆ. ಮತ್ತೆ ಕೇಳಿಸುತ್ತದೆ. ಆಗ ಆ ಕಾಣದ ದನಿಗೆ, ನನಗೆ ಕೇಳಿಸಿದೆ, ಸಹಾಯವೇನಾದರೂ ಇದ್ದರೆ ಮಾಡು ಎಂಬರ್ಥದಲ್ಲಿ ಹೇಳುತ್ತಾರೆ. ಅರಬಿ ಮೂಲದಲ್ಲಿ ಇಲ್ಲಿ ಬರುವ ಕ್ರಿಯಾಪದ 'ಅಸ್ಮಅ್‌ತ'. ಇಸ್ಮಾಈಲ್ ಎಂಬ ಹೆಸರಿನಲ್ಲಿರುವ ಅದೇ ಕೇಳುವ ಧಾತು! ಮಲಕ್ ನೆಲವನ್ನು ಅಗೆದಾಗ ಝಂಝಂ ಚಿಮ್ಮುತ್ತದೆ. ಆ ನೀರಿನಿಂದ ಒಂದು ಊರು ಹುಟ್ಟುತ್ತದೆ. ಜುರ್‌ಹುಮ್ ಎಂಬ ಅರಬ್ ಗೋತ್ರದವರು ಬಂದು ನೆಲೆಸಲು ಅನುಮತಿ ಕೇಳುವುದೂ ಈ ತಾಯಿಯ ಬಳಿಯೇ. ನೀರಿನ ಮೇಲೆ ನಿಮಗೆ ಹಕ್ಕಿಲ್ಲ ಎಂಬ ಷರತ್ತು ಹಾಕಿ ಅವರು ಒಪ್ಪುತ್ತಾರೆ. ಬಾಲಕ ಅರಬಿ ಭಾಷೆ ಕಲಿತದ್ದು ಆ ಜನರಿಂದಲೇ ಎಂದೂ ಅದೇ ಹದೀಸ್ ತಿಳಿಸುತ್ತದೆ. ಹೀಬ್ರೂ ಹೆಸರಿನ ಬಾಲಕ ನೆರೆಹೊರೆಯವರಿಂದ ಅರಬಿ ಕಲಿತು ಪ್ರವಾದಿ ಮುಹಮ್ಮದ್(ಸ)ರ ಮೂಲಪಿತಾಮಹನಾದ. ಹೆಸರು ಯಾವ ಭಾಷೆಯದ್ದು ಎಂದು ಹುಬ್ಬೇರಿಸುವವರಿಗೆ ಇದಕ್ಕಿಂತ ಬೇರೆ ಉತ್ತರ ಬೇಕೇ?

ಪವಿತ್ರ ಕುರ್‌ಆನ್‌ನಲ್ಲಿ ಇಸ್ಮಾಈಲ್ ಎಂಬ ಹೆಸರು 12 ಕಡೆ ಬಂದಿದೆ. ಅಲ್ಲಿ ಎಲ್ಲೂ ಅದರ ಅರ್ಥ ಬಿಡಿಸಿ ಹೇಳಿಲ್ಲ. ಆದರೆ ಎರಡು ಸೂಕ್ತಗಳನ್ನು ನೀವೇ ತೆರೆದು ನೋಡಿ. ಸೂರಃ ಇಬ್ರಾಹೀಮ್‌ನ 39ನೇ ಸೂಕ್ತದಲ್ಲಿ ಮುಪ್ಪಿನಲ್ಲಿ ಇಸ್ಮಾಈಲ್ ಮತ್ತು ಇಸ್‌ಹಾಕರನ್ನು ಪಡೆದ ತಂದೆ ಅಲ್ಲಾಹನನ್ನು ಸ್ತುತಿಸುತ್ತಾ, ಅವನು ಪ್ರಾರ್ಥನೆಯನ್ನು ಕೇಳುವವನೆಂದು ಹೇಳುತ್ತಾರೆ. ಅಲ್ ಬಕರದ 127ನೇ ಸೂಕ್ತದಲ್ಲಿ ತಂದೆ ಮಗ ಇಬ್ಬರೂ ಕಅಬಾದ ಗೋಡೆ ಎತ್ತುತ್ತಾ ದುಆ ಮಾಡುವಾಗ ಅಲ್ಲಾಹನನ್ನು 'ಅಸ್ಸಮೀಅ್', ಎಲ್ಲವನ್ನೂ ಕೇಳುವವನು ಎಂದು ಕರೆಯುತ್ತಾರೆ. ಇಸ್ಮಾಈಲ್ ಎಂಬ ಹೆಸರಿನ ಪಕ್ಕದಲ್ಲೇ 'ಸಮೀಅ್' ಎಂಬ ದೇವನಾಮ! ಎರಡೂ ಭಾಷೆ ಬಲ್ಲವರಿಗೆ ಇದನ್ನು ಓದುವಾಗ ಮೈ ಜುಮ್ಮೆನ್ನುತ್ತದೆ.

ಇದೇ ಧಾತು ಕುರ್‌ಆನ್‌ನಲ್ಲಿ ಇನ್ನಿಬ್ಬರು ಹೆಣ್ಣುಮಕ್ಕಳ ಜೊತೆಗೂ ಇದೆ. ಒಬ್ಬರು ಮರ್ಯಮ್(ಅ)ರ ತಾಯಿ. ಹೊಟ್ಟೆಯಲ್ಲಿರುವ ಮಗುವನ್ನು ಅಲ್ಲಾಹನಿಗೆ ಹರಕೆ ಹೊತ್ತು, ನೀನು ಕೇಳುವವನು ಎಂದು ಮೊರೆಯಿಡುವ ಅವರ ಮಾತು ಆಲಿ ಇಮ್ರಾನ್‌ನ 35ನೇ ಸೂಕ್ತದಲ್ಲಿದೆ. ಇನ್ನೊಬ್ಬರು ಖೌಲಾ ಬಿಂತ್ ಸಅ್‌ಲಬಾ(ರ). ಗಂಡ ಸಿಟ್ಟಿನಲ್ಲಿ 'ನೀನು ನನಗೆ ತಾಯಿಯ ಬೆನ್ನಿನಂತೆ' ಎಂದು ಹಳೆಯ ಕಾಲದ ಪದ್ಧತಿಯಂತೆ ದೂರ ಮಾಡಿದಾಗ ಅವರು ಪ್ರವಾದಿ(ಸ)ರ ಬಳಿ ಬಂದು ವಾದಿಸಿದರು. ಆಯಿಶಾ(ರ) ಹೇಳುವಂತೆ, ತಾನು ಅದೇ ಕೋಣೆಯ ಮೂಲೆಯಲ್ಲಿದ್ದರೂ ಆ ಮಹಿಳೆಯ ಕೆಲವು ಮಾತುಗಳು ತನಗೆ ಕೇಳಿಸಲಿಲ್ಲ, ಆದರೆ ಅಲ್ಲಾಹನು ಕೇಳಿದನು. ಅಲ್ ಮುಜಾದಲ ಅಧ್ಯಾಯ ಆರಂಭವಾಗುವುದೇ ಅಲ್ಲಾಹನು ಆ ಹೆಣ್ಣಿನ ಮಾತನ್ನು ಕೇಳಿದನು ಎಂಬ ಘೋಷಣೆಯೊಂದಿಗೆ.

ಸಹೋದರಿಯರೇ, ನಾವು ದಿನಕ್ಕೆ 17 ರಕಅತ್ ಕಡ್ಡಾಯ ನಮಾಝ್ ನಿರ್ವಹಿಸುತ್ತೇವೆ. ಪ್ರತಿ ರಕಅತ್‌ನಲ್ಲೂ ರುಕೂಅ್‌ನಿಂದ ತಲೆ ಎತ್ತುವಾಗ 'ಸಮಿಅಲ್ಲಾಹು' ಎನ್ನುತ್ತೇವೆ. ಅದರ ಅರ್ಥ ಅಲ್ಲಾಹನು ಕೇಳಿದನು. ಅಂದರೆ ಇಸ್ಮಾಈಲ್ ಎಂಬ ಹೆಸರಿನ ಅರ್ಥ ದಿನಕ್ಕೆ ಕನಿಷ್ಠ 17 ಸಲ ನಮ್ಮ ನಾಲಗೆಯ ಮೇಲೆ ಬರುತ್ತದೆ. ನಮಗೆ ಮಾತ್ರ ಅದು ಗೊತ್ತಿರುವುದಿಲ್ಲ.

ಇದನ್ನು ನಮ್ಮ ಕನ್ನಡದಲ್ಲಿ ಹೇಳುವಾಗ ಇನ್ನೊಂದು ಚಂದ ಸೇರುತ್ತದೆ. ಕನ್ನಡದಲ್ಲಿ 'ಕೇಳು' ಎಂದರೆ ಬೇಡುವುದೂ ಹೌದು, ಆಲಿಸುವುದೂ ಹೌದು. ತಾಯಿ ಕೇಳಿದಳು, ಅಲ್ಲಾಹನು ಕೇಳಿದನು. ಒಂದೇ ಪದದಲ್ಲಿ ಮೊರೆಯೂ ಇದೆ, ಉತ್ತರವೂ ಇದೆ. ಆ ಯುವತಿಗೆ ನಾನು ಈ ಮಾತನ್ನು ಹೇಳಿದೆ. "ನೋಡಮ್ಮಾ, ಮಗುವಿನ ಕಿವಿಯಲ್ಲಿ ಬಾಂಗ್ ಕೊಟ್ಟಾಗ ಮಗುವಿಗೆ ಕೇಳಿಸದಿರಬಹುದು. ಆದರೆ ಆ ಬಾಂಗ್ ಯಾರ ಹಿರಿಮೆಯನ್ನು ಸಾರುತ್ತದೆಯೋ ಅವನಿಗೆ ಕೇಳಿಸಿದೆ. ಹೆಸರು ಹೇಳುವುದೂ ಅದನ್ನೇ" ಎಂದೆ.

ಇಲ್ಲಿ ಒಂದು ಮಾತನ್ನು ಸ್ಪಷ್ಟಪಡಿಸಬೇಕು. ಅಲ್ಲಾಹನು ಕೇಳುತ್ತಾನೆ ಎಂದರೆ ಕೇಳಿದ್ದನ್ನೆಲ್ಲ ಕೂಡಲೇ ಕೊಡುತ್ತಾನೆ ಎಂದಲ್ಲ. ಹದೀಸ್ ಸಂಗ್ರಹಕಾರ ಇಮಾಮ್ ಬುಖಾರಿಯವರ ತಂದೆಯ ಹೆಸರೂ ಇಸ್ಮಾಈಲ್. ಬಾಲ್ಯದಲ್ಲಿ ದೃಷ್ಟಿ ಕಳೆದುಕೊಂಡ ಅವರಿಗೆ ತಾಯಿಯ ನಿರಂತರ ದುಆದಿಂದ ಕಣ್ಣು ಮರಳಿತೆಂದು ಅವರ ಜೀವನಚರಿತ್ರೆಕಾರರು ಬರೆದಿದ್ದಾರೆ. ಈ ಕಥೆಯನ್ನು ನಾನು ಮಕ್ಕಳಿಗೆ ಎಷ್ಟೋ ಸಲ ಹೇಳಿದ್ದೇನೆ. ಆದರೆ ಅಂದು ಆ ತಾಯಿಯ ಮುಂದೆ ಬೇಕೆಂದೇ ಹೇಳಲಿಲ್ಲ. ಹೇಳಿದ್ದರೆ, ತನ್ನ ದುಆದಲ್ಲೇ ಏನೋ ಕೊರತೆ ಇದೆ ಎಂದು ಅವಳು ತನ್ನನ್ನೇ ದೂಷಿಸಿಕೊಳ್ಳುವ ಸಂಭವವಿತ್ತು. ಅಂಗವೈಕಲ್ಯವಿರುವ ಮಕ್ಕಳ ತಾಯಂದಿರ ಹೆಗಲ ಮೇಲೆ ನಾವು ಈಗಾಗಲೇ ಸಾಕಷ್ಟು ಭಾರ ಹೊರಿಸಿದ್ದೇವೆ. ಗರ್ಭಿಣಿಯಾಗಿದ್ದಾಗ ಏನು ತಿಂದಳು, ಎಲ್ಲಿ ಹೋದಳು, ಯಾವ ಹೆಸರಿಟ್ಟಳು ಎಂದು ವಿಚಾರಣೆ ನಡೆಸುತ್ತೇವೆ. ಪ್ರವಾದಿ(ಸ)ರು ಅಪಶಕುನದ ನಂಬಿಕೆಯನ್ನು ನಿಷೇಧಿಸಿದ್ದಾರೆ. ಹೆಸರು ಭಾರವಾಯಿತು, ಒಗ್ಗಲಿಲ್ಲ ಎನ್ನುವುದೂ ಅದೇ ಜಾತಿಯ ನಂಬಿಕೆಯಲ್ಲವೇ?

ಪ್ರವಾದಿ(ಸ)ರು ಕೆಲವರ ಹೆಸರನ್ನು ಬದಲಾಯಿಸಿದ್ದು ನಿಜ. ಆದರೆ ಕಾರಣ ರೋಗವಲ್ಲ, ಅರ್ಥ. ಉಮರ್(ರ)ರ ಮಗಳ ಹೆಸರು 'ಆಸಿಯಾ', ಅರಬಿಯ ಸ್ವಾದ್ ಅಕ್ಷರದಲ್ಲಿ ಬರೆದಾಗ ಅವಿಧೇಯಳು ಎಂಬ ಅರ್ಥ ಕೊಡುವ ಪದ. ಅದನ್ನು 'ಜಮೀಲಾ' ಎಂದು ಬದಲಾಯಿಸಿದರು. ಪ್ರವಾದಿಗಳ ಹೆಸರುಗಳನ್ನು ಅವರು ಪ್ರೀತಿಯಿಂದ ಉಳಿಸಿಕೊಂಡರು. ತಮ್ಮ ಸ್ವಂತ ಮಗನಿಗೆ ಹುಟ್ಟಿದ ರಾತ್ರಿಯೇ ಇಬ್ರಾಹೀಮ್ ಎಂದು ಹೆಸರಿಟ್ಟರು. ಅದೂ ಹೊರಗಿನಿಂದ ಅರಬಿಗೆ ಬಂದ ಹೆಸರೇ.

ಒಂದೇ ಹೆಸರು ಬೇರೆ ಬೇರೆ ಕಡೆ ಬೇರೆ ಬೇರೆ ಬಣ್ಣ ತಾಳುವುದೂ ಉಂಟು. ಪ್ರವಾದಿ ಮುಹಮ್ಮದ್(ಸ)ರಿಗಿಂತ ಸುಮಾರು ಐದು ಶತಮಾನ ಹಿಂದೆ ಯಹೂದಿಗಳಲ್ಲಿ ರಬ್ಬಿ ಇಷ್ಮಾಯೇಲ್ ಎಂಬ ದೊಡ್ಡ ಧರ್ಮಪಂಡಿತರಿದ್ದರು. ಇಂಗ್ಲಿಷ್ ಸಾಹಿತ್ಯದಲ್ಲಿ ಮಾತ್ರ ಈ ಹೆಸರಿಗೆ ಮನೆಯಿಂದ ಹೊರಹಾಕಲ್ಪಟ್ಟವನು, ಒಂಟಿ ಅಲೆಮಾರಿ ಎಂಬ ಛಾಯೆ ಅಂಟಿಕೊಂಡಿತು. ಅಮೆರಿಕದ ಹರ್ಮನ್ ಮೆಲ್‌ವಿಲ್ 1851ರಲ್ಲಿ ಪ್ರಕಟಿಸಿದ 'ಮೊಬಿ ಡಿಕ್' ಕಾದಂಬರಿಯ ಕಥೆ ಹೇಳುವ ನಾವಿಕನ ಹೆಸರು ಇದೇ. ನಮಗೆ ಇಸ್ಮಾಈಲ್ ಹೊರಹಾಕಲ್ಪಟ್ಟವನಲ್ಲ, ನೆಲೆಯಾದವನು. ಮರ್ಯಮ್ ಅಧ್ಯಾಯದ 54 ಮತ್ತು 55ನೇ ಸೂಕ್ತಗಳಲ್ಲಿ ಅವರನ್ನು ಕೊಟ್ಟ ಮಾತಿಗೆ ತಪ್ಪದವರು, ಮನೆಯವರಿಗೆ ನಮಾಝ್ ಮತ್ತು ಝಕಾತ್‌ನ ಆದೇಶ ನೀಡುತ್ತಿದ್ದವರು ಎಂದು ನೆನೆಯಲಾಗಿದೆ.

ಇನ್ನು ಹಾಜರಾ(ಅ)ರಿಂದ ನಾವು ಕಲಿಯಬೇಕಾದ ಮುಖ್ಯ ಪಾಠ. ಅಲ್ಲಾಹನು ಕೈಬಿಡಲಾರ ಎಂದು ದೃಢವಾಗಿ ನಂಬಿದ್ದ ಆ ತಾಯಿ ಮಗುವಿನ ಪಕ್ಕ ಕೈಕಟ್ಟಿ ಕುಳಿತಿರಲಿಲ್ಲ. ಏಳು ಸಲ ಓಡಿದರು. ಇಂದು ಹಜ್ಜ್ ಮತ್ತು ಉಮ್ರಾಕ್ಕೆ ಹೋದವರೆಲ್ಲ ಸಫಾ ಮರ್ವಾಗಳ ನಡುವೆ ಸುಮಾರು ಮೂರು ಕಿಲೋಮೀಟರ್ ನಡೆಯುವುದು ಅವರ ಹೆಜ್ಜೆಯಲ್ಲೇ. ಹಸಿರು ದೀಪಗಳ ನಡುವೆ ಗಂಡಸರು ಓಡುತ್ತಾರೆ, ಹೆಂಗಸರು ಓಡಬೇಕಾಗಿಲ್ಲ. ಒಬ್ಬ ತಾಯಿಯ ಓಟವನ್ನು ಲೋಕದ ಗಂಡಸರೆಲ್ಲ ಓಡುತ್ತಿರುವುದು ಎಂಥ ಗೌರವ!

ಆದ್ದರಿಂದ ದುಆದ ಜೊತೆ ಓಟವೂ ಬೇಕು. ಮಗುವಿಗೆ ಕಿವಿ ಕೇಳಿಸುತ್ತಿದೆಯೇ ಎಂಬುದನ್ನು ಹುಟ್ಟಿದ ಕೆಲವೇ ದಿನಗಳಲ್ಲಿ ಪರೀಕ್ಷಿಸಬಹುದು. ಮೊದಲ ತಿಂಗಳೊಳಗೆ ಪರೀಕ್ಷೆ, ಮೂರು ತಿಂಗಳೊಳಗೆ ಖಚಿತ ತಪಾಸಣೆ, ಆರು ತಿಂಗಳೊಳಗೆ ಅಗತ್ಯವಾದ ನೆರವು ಸಿಗಬೇಕೆಂದು ತಜ್ಞರು ಹೇಳುತ್ತಾರೆ. ತಡವಾಯಿತೆಂದು ಕೈಚೆಲ್ಲಬೇಕಾಗಿಲ್ಲ. 1960ರ ದಶಕದಲ್ಲಿ ಸ್ಥಾಪನೆಯಾದ ಮೈಸೂರಿನ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆ ನಮ್ಮ ರಾಜ್ಯದಲ್ಲೇ ಇದೆ. ಶ್ರವಣ ಸಾಧನವಿರಲಿ, ಮಾತಿನ ತರಬೇತಿ ಇರಲಿ, ಸನ್ನೆ ಭಾಷೆ ಇರಲಿ, ಮಗುವಿಗೆ ಯಾವುದು ಸೂಕ್ತವೋ ಅದನ್ನು ಮನೆಮಂದಿಯೆಲ್ಲ ಕೂಡಿ ಕಲಿಯಬೇಕು. ಕಿವಿ ಕೇಳಿಸದ ಮಗುವಿನ ಮನಸ್ಸು ಕಿವುಡಲ್ಲ. ಬೆರಳಿನಿಂದ ಮಾಡಿದ ದುಆವೂ ಅಲ್ಲಾಹನಿಗೆ ಕೇಳಿಸುತ್ತದೆ. ಅವನಿಗೆ ನಮ್ಮ ನಾಲಗೆಯೇ ಬೇಕೆಂದಿಲ್ಲ.

ಅಂತೂ ಆ ಮಗು ಇಸ್ಮಾಈಲ್ ಆಗಿಯೇ ಉಳಿಯಿತು. ಮೈಸೂರಿಗೆ ಹೋಗಿ ಬಂದರು, ತಾಯಿ ಸನ್ನೆ ಭಾಷೆ ಕಲಿಯುತ್ತಿದ್ದಾಳೆ.

ಇನ್ನು ಮುಂದೆ ನಿಮ್ಮ ಮನೆಯಲ್ಲಿ ಗಂಡು ಮಗುವಿಗೆ ಹೆಸರು ಹುಡುಕುವ ಸಂದರ್ಭ ಬಂದರೆ, ಹಳೆಯದೆಂದು ಈ ಹೆಸರನ್ನು ಬದಿಗೆ ಸರಿಸುವ ಮೊದಲು ಒಂದು ಕ್ಷಣ ಯೋಚಿಸಿ. ಅಂಗಳದಲ್ಲಿ ಆಡುವ ಮಗನನ್ನು ಊಟಕ್ಕೆ ಕರೆಯುವಾಗ, ಶಾಲೆಗೆ ಎಬ್ಬಿಸುವಾಗ, ತುಂಟಾಟಕ್ಕೆ ಗದರಿಸುವಾಗಲೂ ನಿಮ್ಮ ಬಾಯಿಂದ 'ದೇವನು ಕೇಳುತ್ತಾನೆ' ಎಂಬ ಮಾತೇ ಹೊರಡುತ್ತದೆ. ಈಗಾಗಲೇ ನಿಮ್ಮ ಮನೆಯಲ್ಲಿ ಒಬ್ಬ ಇಸ್ಮಾಈಲ್ ಇದ್ದರೆ, ಈ ರಾತ್ರಿ ಮಲಗಿಸುವಾಗ ಅವನ ಹೆಸರಿನ ಅರ್ಥವನ್ನು ಅವನಿಗೆ ಹೇಳಿಕೊಡಿ. ಆ ಹೆಸರು ಮೊದಲು ಸಿಕ್ಕಿದ್ದು ಒಬ್ಬ ತಾಯಿಗೆ ಎಂಬುದನ್ನೂ ಮರೆಯದೆ ಹೇಳಿ.

ಮೌನವಾಗಿ ಮೊರೆಯಿಡುವ ಎಲ್ಲ ತಾಯಂದಿರ ಮಾತನ್ನೂ ಅಲ್ಲಾಹನು ಆಲಿಸಲಿ. ಅವರ ಪಾಲಿನ ಝಂಝಂ ಎಲ್ಲಿದೆಯೋ ಅಲ್ಲಿಗೆ ಅವರನ್ನು ತಲುಪಿಸಲಿ. ಆಮೀನ್.